ಅಜ್ಜಿಯ ಖಾತೆ

ನಮ್ಮ ಬಳಗದ ಮಕ್ಕಳೆಲ್ಲ ನನ್ನನ್ನು ‘ಕಾರ್ಡ್ ಅಜ್ಜ’ ಎಂದು ಕರೆಯುತ್ತಾರೆ. 37 ವರ್ಷ ಬ್ಯಾಂಕಿನಲ್ಲಿ ಗುಮಾಸ್ತನಾಗಿದ್ದವನಿಗೆ ಈ ಹೆಸರು ಎಟಿಎಂ ಕಾರ್ಡಿನಿಂದ ಬಂದಿರಬೇಕು ಎಂದು ಹೊರಗಿನವರು ತಿಳಿಯುತ್ತಾರೆ. ವಿಷಯ ಬೇರೆಯೇ ಇದೆ. ಮಕ್ಕಳು ಎರಡೂ ಕೈಯಲ್ಲಿ ಹಿಡಿದು ಆಡುವ ವಿಡಿಯೋ ಗೇಮ್ ಇದೆಯಲ್ಲ, ಅದರ ಬೆನ್ನಿನಲ್ಲಿ ಉಗುರಿನಷ್ಟು ಚಿಕ್ಕ ಮೆಮೊರಿ ಕಾರ್ಡೊಂದು ಕೂತಿರುತ್ತದೆ. ಡೌನ್‌ಲೋಡ್ ಮಾಡಿದ ಆಟ ಎಲ್ಲಿ ಹೋಯಿತು, ಜಾಗ ಯಾಕೆ ಸಾಲುತ್ತಿಲ್ಲ, ಯಾವುದನ್ನು ಅಳಿಸಬಹುದು, ಯಾವುದಕ್ಕೆ ಕೈ ಹಚ್ಚಬಾರದು ಎಂಬ ಲೆಕ್ಕ ನೋಡುವುದು ಈಗ ನನ್ನ ಕೆಲಸ. ಸಂಬಳ ಇಲ್ಲ. ಒಂದು ಲೋಟ ಕಾಫಿ, ನಮ್ಮ ಸೀಮೆಯ ಪದ್ಧತಿಯಂತೆ ಒಂದಿಷ್ಟು ಮಂಡಕ್ಕಿ, ಎರಡು ಮೆಣಸಿನಕಾಯಿ ಬಜ್ಜಿ.

ನಾನು ಆಟ ಆಡುವವನಲ್ಲ. ಪರದೆಯ ಮೇಲೆ ಕಾರು ಓಡಿಸಿದರೆ ಮೊದಲ ತಿರುವಿನಲ್ಲೇ ಗೋಡೆಗೆ ಹೊಡೆಯುತ್ತದೆ. ಆದರೆ ಸೆಟ್ಟಿಂಗ್ಸ್ ಎಂಬ ಜಾಗದಲ್ಲಿ ಬರೆದದ್ದನ್ನು ಸಾಲು ಸಾಲಾಗಿ ಓದುವ ತಾಳ್ಮೆ ನನಗಿದೆ. ಹೆಡ್ ಆಫೀಸಿನಿಂದ ಬರುತ್ತಿದ್ದ ಸರ್ಕ್ಯುಲರ್‌ಗಳನ್ನು ಕೊನೆಯ ಸಾಲಿನವರೆಗೆ ಓದಿ ಬೆಳೆದವರು ನಾವು. ಮಕ್ಕಳಿಗೆ ಆಟ ಗೊತ್ತು, ಓದುವ ತಾಳ್ಮೆ ಇಲ್ಲ. ಹಾಗಾಗಿ ಇಬ್ಬರಿಗೂ ಹೊಂದಾಣಿಕೆ ಆಗಿದೆ.

1975ರಲ್ಲಿ ಬಿ.ಕಾಂ. ಮುಗಿಸಿ ಜಗಳೂರಿನಲ್ಲಿ ಕೆಲಸಕ್ಕೆ ಸೇರಿದೆ. ಆಮೇಲೆ ಹೊನ್ನಾಳಿ, ನ್ಯಾಮತಿ, ಕೊನೆಗೆ ಚನ್ನಗಿರಿ. ಸೇರಿದಾಗ ಜಗಳೂರು ಚಿತ್ರದುರ್ಗ ಜಿಲ್ಲೆಯಲ್ಲಿತ್ತು, ಹೊನ್ನಾಳಿ ಮತ್ತು ಚನ್ನಗಿರಿ ಶಿವಮೊಗ್ಗ ಜಿಲ್ಲೆಯಲ್ಲಿದ್ದವು. 1997ರ ಆಗಸ್ಟ್ 15ರಂದು ದಾವಣಗೆರೆ ಜಿಲ್ಲೆಯಾದಾಗ ಮೂರೂ ಒಂದೇ ಕಡೆ ಸೇರಿದವು. ಹೊನ್ನಾಳಿ ತಾಲ್ಲೂಕಿನೊಳಗಿದ್ದ ನ್ಯಾಮತಿ ಈಗ ತಾನೇ ಒಂದು ತಾಲ್ಲೂಕು. ನಾನು 2012ರಲ್ಲಿ ನಿವೃತ್ತನಾಗಿ ಚನ್ನಗಿರಿಯಲ್ಲೇ ಉಳಿದೆ. ನೆಂಟರು ಮಾತ್ರ ನಾಲ್ಕೂ ಊರುಗಳಲ್ಲಿ ಹರಡಿಕೊಂಡಿದ್ದಾರೆ. ಬೇಸಿಗೆ ರಜೆ ಬಂತೆಂದರೆ ನಾಲ್ಕೂ ಕಡೆಯಿಂದ ಮಕ್ಕಳು ಬರುತ್ತಾರೆ, ಜೊತೆಗೆ ಅವರ ಯಂತ್ರಗಳೂ ಬರುತ್ತವೆ.

ಮೊದಲು ಮಕ್ಕಳಿಗೆ ನಾನು ಹೇಳಿಕೊಡುವ ಪಾಠವನ್ನು ನಿಮಗೂ ಹೇಳಿಬಿಡುತ್ತೇನೆ. ಒಂದು ಆಟ ಎಂದರೆ ಒಂದೇ ವಸ್ತುವಲ್ಲ. ಬ್ಯಾಂಕಿನ ಭಾಷೆಯಲ್ಲಿ ಅದರಲ್ಲಿ ಮೂರು ಭಾಗ. ಮೊದಲನೆಯದು ಅಚ್ಚಾಗಿ ಬಂದ ಖಾಲಿ ಲೆಡ್ಜರ್. ಅದೇ ಆಟದ ಫೈಲು. ಗಾತ್ರ ದೊಡ್ಡದು, ಭಾರ ಜಾಸ್ತಿ, ಆದರೆ ಎಲ್ಲರದ್ದೂ ಒಂದೇ ರೀತಿ ಇರುತ್ತದೆ. ಹರಿದುಹೋದರೆ ಮುದ್ರಣಾಲಯದಿಂದ ಇನ್ನೊಂದು ತರಿಸಬಹುದು. ಎರಡನೆಯದು ಆ ಲೆಡ್ಜರಿನಲ್ಲಿ ನಾವು ಕೈಯಾರೆ ಬರೆದ ಲೆಕ್ಕ. ಎಷ್ಟು ಹಂತ ದಾಟಿದೆವು, ಏನು ಗಳಿಸಿದೆವು ಎಂಬುದೆಲ್ಲ ಇದರಲ್ಲಿ ಇರುತ್ತದೆ. ಮಕ್ಕಳು ಇದನ್ನು ‘ಸೇವ್’ ಎನ್ನುತ್ತಾರೆ. ಗಾತ್ರದಲ್ಲಿ ತೀರಾ ಚಿಕ್ಕದು, ಆದರೆ ಯಾವ ಮುದ್ರಣಾಲಯದಲ್ಲೂ ಸಿಗುವುದಿಲ್ಲ. ಮೂರನೆಯದು ಖಾತೆದಾರನ ಹೆಸರು, ಅಂದರೆ ‘ಯೂಸರ್’. ಯಾರ ಹೆಸರಿನಲ್ಲಿ ಆಡಿದರೋ ಅವರ ಹೆಸರಿಗೇ ಆ ಲೆಕ್ಕ. ಈ ಮೂರು ಬೇರೆ ಬೇರೆ ಎಂದು ತಿಳಿದರೆ ಅರ್ಧ ಸಮಸ್ಯೆ ಅಲ್ಲಿಗೇ ಮುಗಿಯಿತು.

ಹಿಂದೆ ಈ ಗೊಂದಲ ಇರಲಿಲ್ಲ. ಜಪಾನಿನ ನಿಂಟೆಂಡೊ ಕಂಪನಿಯ ಗುನ್‌ಪೇ ಯೊಕೊಯಿ 1980ರಲ್ಲಿ ‘ಗೇಮ್ ಅಂಡ್ ವಾಚ್’ ಎಂಬ ಅಂಗೈಯಗಲದ ಯಂತ್ರ ಮಾಡಿದರು. ಒಂದು ಯಂತ್ರಕ್ಕೆ ಒಂದೇ ಆಟ. 1989ರಲ್ಲಿ ‘ಗೇಮ್ ಬಾಯ್’ ಬಂತು. ಆಟ ಬದಲಿಸಬೇಕಾದರೆ ಬೆನ್ನಿನ ಪೆಟ್ಟಿಗೆ ಬದಲಿಸಬೇಕು. ಆ ಪೆಟ್ಟಿಗೆ, ಅಂದರೆ ಕಾರ್ಟ್ರಿಜ್, ಕಣ್ಣಿಗೆ ಕಾಣುತ್ತಿತ್ತು, ಕೈಗೆ ಸಿಗುತ್ತಿತ್ತು. ಕೆಲವು ಕಾರ್ಟ್ರಿಜ್‌ಗಳ ಒಳಗೆ ಕೈಗಡಿಯಾರದ ಬ್ಯಾಟರಿಯಂಥ ಪುಟ್ಟ ಬಿಲ್ಲೆ ಇರುತ್ತಿತ್ತು. ಸೇವ್ ಮಾಡಿದ್ದನ್ನು ಅದು ಕಾಪಾಡುತ್ತಿತ್ತು. ಎಷ್ಟೋ ವರ್ಷದ ಮೇಲೆ ಆ ಬಿಲ್ಲೆ ಸತ್ತರೆ ಲೆಕ್ಕವೂ ಅಳಿಸಿಹೋಗುತ್ತಿತ್ತು. ಈಗ ಆಟ ಗಾಳಿಯಲ್ಲಿ ಬರುತ್ತದೆ. ಬಂದು ಎಲ್ಲಿ ಕೂತಿತು ಎಂದು ಕಣ್ಣಿಗೆ ಕಾಣುವುದಿಲ್ಲ.

ಜಗಳೂರಿನಿಂದ ಬಂದವನು ನನ್ನ ತಂಗಿಯ ಮೊಮ್ಮಗ, ಎಂಟನೇ ತರಗತಿ. “ಅಜ್ಜ, 512 ಜಿಬಿ ಕಾರ್ಡು ಹಾಕೀನಿ. ಐದು ಆಟ ಇಳಿಸೋ ತನಕ ಚೆನ್ನಾಗಿತ್ತು. ಆರನೇದು ಇಳಿಸಿದ ಮೇಲೆ ಮೊದಲನೇದು ಹಾಳಾತು” ಅಂದ. ಕಾರ್ಡು ಎಷ್ಟಕ್ಕೆ ತಗೊಂಡೆ ಎಂದು ಕೇಳಿದೆ. ಸಂತೆಯ ಸೊಪ್ಪಿನ ಬೆಲೆ ಹೇಳಿದ. ಆಗಲೇ ಅನುಮಾನ ಬಂತು.

ಜಗಳೂರು ಬರದ ಸೀಮೆ. ರಂಗಯ್ಯನದುರ್ಗದ ಕಾಡಿನಲ್ಲಿ ಕೊಂಡುಕುರಿ ಓಡಾಡುವ ಆ ಒಣನೆಲದಲ್ಲಿ ನೀರಿನ ಬೆಲೆ ಎಲ್ಲರಿಗೂ ಗೊತ್ತು. ನಾನು ಅಲ್ಲಿದ್ದಾಗ ಎಲ್ಲರ ಮನೆಯಲ್ಲೂ ಕೊಡಗಳ ಸಾಲು ಇರುತ್ತಿತ್ತು. ಅದನ್ನೇ ನೆನಪಿಸಿ ಹುಡುಗನಿಗೆ ಹೇಳಿದೆ: “ಎರಡು ಕೊಡ ಹಿಡಿಯೋ ಹಂಡೆ ಮೇಲೆ ಇಪ್ಪತ್ತು ಕೊಡ ಅಂತ ಬರೆದರೆ ನೀರು ಹಿಡೀತದೇನೋ?” ನಕಲಿ ಕಾರ್ಡುಗಳು ಮಾಡುವುದು ಇದನ್ನೇ. ಕಾರ್ಡಿನೊಳಗಿನ ನಿಯಂತ್ರಕ ಚಿಪ್ಪಿಗೆ ಸುಳ್ಳು ಗಾತ್ರ ಹೇಳಿಕೊಟ್ಟಿರುತ್ತಾರೆ. ಯಂತ್ರ ಕೇಳಿದರೆ ಅದು 512 ಎನ್ನುತ್ತದೆ. ಒಳಗಿರುವ ನಿಜವಾದ ಜಾಗ 32 ಇರಬಹುದು, 16 ಇರಬಹುದು. ಅದು ತುಂಬಿದ ಮೇಲೆ ಬಂದದ್ದು ಹಳೆಯದರ ಮೇಲೆಯೇ ಬರೆದುಕೊಳ್ಳುತ್ತದೆ, ಇಲ್ಲವೇ ಎಲ್ಲೂ ಬರೆದುಕೊಳ್ಳುವುದಿಲ್ಲ. ಇದನ್ನು ಪತ್ತೆ ಮಾಡಲು ‘ಎಚ್2ಟೆಸ್ಟ್‌ಡಬ್ಲ್ಯು’ ಎಂಬ ಉಚಿತ ತಂತ್ರಾಂಶವಿದೆ. ಕಂಪ್ಯೂಟರಿನಲ್ಲಿ ಕಾರ್ಡು ಹಾಕಿದರೆ ಅದು ಕಾರ್ಡನ್ನು ಪೂರ್ತಿ ತುಂಬಿಸಿ, ಮತ್ತೆ ಓದಿ, ಬರೆದದ್ದೂ ಓದಿದ್ದೂ ತಾಳೆಯಾಗುತ್ತದೆಯೇ ಎಂದು ನೋಡುತ್ತದೆ. ನಾವು ಸಂಜೆ ಕ್ಯಾಷ್ ಎಣಿಸಿ ಪುಸ್ತಕದ ಜೊತೆ ತಾಳೆ ನೋಡುತ್ತಿದ್ದ ಹಾಗೆ. ರಾತ್ರಿಯಿಡೀ ಪರೀಕ್ಷೆ ನಡೆಯಿತು. ಬೆಳಿಗ್ಗೆ ನೋಡಿದರೆ ಕಾರ್ಡಿನ ಬಹುಪಾಲು ಬರೀ ಸುಳ್ಳು. ಹುಡುಗ ಅದನ್ನು ಒಂದು ದಾರಕ್ಕೆ ಕಟ್ಟಿ ಬ್ಯಾಗಿಗೆ ತೂಗುಹಾಕಿಕೊಂಡ.

ಅವನು ಇನ್ನೊಂದು ಪ್ರಶ್ನೆ ಕೇಳಿದ. ಒಳ್ಳೆಯ ಅಂಗಡಿಯಲ್ಲಿ ಕೊಂಡ 128 ಜಿಬಿ ಕಾರ್ಡೂ ಕಂಪ್ಯೂಟರಿನಲ್ಲಿ 119 ಎಂದು ತೋರಿಸುತ್ತದಲ್ಲ, ಅದೂ ಮೋಸವೇ? ಮೋಸವಲ್ಲ. ಕಾರ್ಡು ಮಾಡುವವರು ಒಂದು ಜಿಬಿ ಎಂದರೆ 100 ಕೋಟಿ ಬೈಟ್ ಎಂದು ಎಣಿಸುತ್ತಾರೆ. ಕಂಪ್ಯೂಟರ್ 1,024ನ್ನು ಮೂರು ಸಲ ಗುಣಿಸಿ 107 ಕೋಟಿ 37 ಲಕ್ಷ 41 ಸಾವಿರದ 824 ಬೈಟ್‌ಗೆ ಒಂದು ಜಿಬಿ ಎನ್ನುತ್ತದೆ. ಅಳೆಯುವ ಸೇರು ಬೇರೆ, ಅಕ್ಕಿ ಅಷ್ಟೇ.

ಹೊನ್ನಾಳಿಯ ಸಮಸ್ಯೆ ಬೇರೆ. ಅಲ್ಲಿ ನನ್ನ ತಮ್ಮನ ಮನೆಯಲ್ಲಿ ಅಕ್ಕ ತಂಗಿಯರಿಬ್ಬರು. ಇಬ್ಬರಿಗೂ ಒಂದೊಂದು ಸ್ವಿಚ್. ನಿಂಟೆಂಡೊ ಸ್ವಿಚ್ 2017ರಲ್ಲಿ ಬಂದ ಯಂತ್ರ, ಕೈಯಲ್ಲೂ ಆಡಬಹುದು, ಟಿವಿಗೂ ಜೋಡಿಸಬಹುದು. ಅಕ್ಕನ ಕಾರ್ಡಿನಲ್ಲಿ ಆಟಗಳಿದ್ದವು. ತಂಗಿ ಅದನ್ನು ತೆಗೆದು ತನ್ನ ಯಂತ್ರಕ್ಕೆ ಹಾಕಿದಳು. ಯಂತ್ರ ಒಪ್ಪಲಿಲ್ಲ. ಫಾರ್ಮ್ಯಾಟ್ ಮಾಡಿದರೆ ಮಾತ್ರ ಬಳಸಬಹುದು ಎಂದಿತು. ಪುಣ್ಯಕ್ಕೆ ಹುಡುಗಿ ಒತ್ತಲಿಲ್ಲ, ಫೋನು ಮಾಡಿದಳು.

ಬ್ಯಾಂಕ್ ಲಾಕರ್ ನೋಡಿದವರಿಗೆ ಇದು ಸುಲಭವಾಗಿ ಅರ್ಥವಾಗುತ್ತದೆ. ಲಾಕರ್ ತೆರೆಯಲು ಎರಡು ಬೀಗದ ಕೈ ಬೇಕು. ಒಂದು ಬ್ಯಾಂಕಿನದು, ಒಂದು ಗಿರಾಕಿಯದು. ಸ್ವಿಚ್ ತನ್ನ ಕಾರ್ಡಿನಲ್ಲಿ ಆಟಗಳನ್ನು ತನಗೆ ಮಾತ್ರ ತಿಳಿಯುವ ಗುಪ್ತ ಲಿಪಿಯಲ್ಲಿ ಬರೆಯುತ್ತದೆ. ಇನ್ನೊಂದು ಯಂತ್ರದ ಬಳಿ ಆ ಕೈ ಇಲ್ಲ. ಕಂಪ್ಯೂಟರಿಗೆ ಹಾಕಿದರೂ ‘ನಿಂಟೆಂಡೊ’ ಎಂಬ ಫೋಲ್ಡರ್ ಕಾಣುತ್ತದೆ, ಒಳಗೆ ಹೋದರೆ ಅರ್ಥವಿಲ್ಲದ ಅಕ್ಷರಗಳ ಹೆಸರು. ಯಾವ ಆಟ ಯಾವುದು ಎಂದು ಅಲ್ಲಿ ಹುಡುಕುವುದು ವ್ಯರ್ಥ. ಆಟಗಳ ಪಟ್ಟಿ ಬೇಕಾದರೆ ಯಂತ್ರದಲ್ಲೇ ‘ಸಿಸ್ಟಂ ಸೆಟ್ಟಿಂಗ್ಸ್’ಗೆ ಹೋಗಿ ‘ಡೇಟಾ ಮ್ಯಾನೇಜ್‌ಮೆಂಟ್’ ತೆರೆಯಬೇಕು. ಯಾವ ಆಟ ಎಷ್ಟು ಜಾಗ ಹಿಡಿದಿದೆ ಎಂದು ಅಲ್ಲಿ ತೋರಿಸುತ್ತದೆ.

ಹೊನ್ನಾಳಿಯ ಅಕ್ಕನಿಗೆ ದೊಡ್ಡ ಕಾರ್ಡು ಬೇಕಾಗಿತ್ತು. ಹಳೆಯದನ್ನು ತೆಗೆದು ಹೊಸದು ಹಾಕಿದರೆ ಹಳೆಯ ಆಟಗಳು ಬರುವುದಿಲ್ಲ. ಎರಡು ಕಾರ್ಡುಗಳನ್ನು ಬದಲಿಸುತ್ತಾ ಬಳಸಿದರೆ ಮುಂದೆ ಅವನ್ನು ಒಂದುಗೂಡಿಸಲೂ ಆಗುವುದಿಲ್ಲ. ಸರಿಯಾದ ದಾರಿ ಇದು: ಯಂತ್ರ ಪೂರ್ತಿ ಆಫ್ ಮಾಡಿ ಹಳೆಯ ಕಾರ್ಡು ತೆಗೆಯಬೇಕು. ಆ ‘ನಿಂಟೆಂಡೊ’ ಫೋಲ್ಡರನ್ನು ಇಡಿಯಾಗಿ ಕಂಪ್ಯೂಟರಿಗೆ ನಕಲು ಮಾಡಿ, ಅಲ್ಲಿಂದ ಹೊಸ ಕಾರ್ಡಿಗೆ ಹಾಕಬೇಕು. ಹೊಸ ಕಾರ್ಡು ಅದೇ ಯಂತ್ರಕ್ಕೆ ಮರಳಬೇಕು. ಎಲ್ಲ ಸರಿಯಾಗಿದೆ ಎಂದು ನೋಡುವ ತನಕ ಹಳೆಯದನ್ನು ಅಳಿಸಬಾರದು. ಅಂದು ಮಧ್ಯಾಹ್ನ ನಾವು ತುಂಗಭದ್ರೆಯ ದಡದ ಮನೆಯ ಜಗಲಿಯ ಮೇಲೆ ಕೂತು ಇದನ್ನು ಮಾಡಿದೆವು. ಶುರುವಿನಲ್ಲಿ ಅಕ್ಕ ತಂಗಿ ಮಾತಾಡುತ್ತಿರಲಿಲ್ಲ. ನಕಲು ಮುಗಿಯುವ ಹೊತ್ತಿಗೆ ಒಂದೇ ತಟ್ಟೆಯಲ್ಲಿ ಮಾವಿನಕಾಯಿ ತಿನ್ನುತ್ತಿದ್ದರು.

ನ್ಯಾಮತಿಯದ್ದು ಹಳೆಯ ಕಥೆ. ಅಲ್ಲಿ ನನ್ನ ಅಣ್ಣನ ಮೊಮ್ಮಗನಿಗೆ ಅಟ್ಟದ ಮೇಲೆ ಅಪ್ಪನ ಪಿಎಸ್‌ಪಿ ಸಿಕ್ಕಿತು. ಸೋನಿ ಕಂಪನಿ 2004ರ ಡಿಸೆಂಬರಿನಲ್ಲಿ ಜಪಾನಿನಲ್ಲಿ ಹೊರತಂದ ಯಂತ್ರ. 2014ರ ಹೊತ್ತಿಗೆ ಮಾರಾಟ ನಿಂತುಹೋಯಿತು. ಅದಕ್ಕೆ ‘ಮೆಮೊರಿ ಸ್ಟಿಕ್’ ಎಂಬ ಬೇರೆಯದೇ ಆಕಾರದ ಕಾರ್ಡು. ಇದು ಸ್ವಿಚ್‌ನಂತೆ ಗುಟ್ಟಿನದಲ್ಲ. ವೈರು ಹಾಕಿ ಕಂಪ್ಯೂಟರಿಗೆ ಜೋಡಿಸಿ, ಯಂತ್ರದಲ್ಲಿ ‘ಯುಎಸ್‌ಬಿ ಕನೆಕ್ಷನ್’ ಒತ್ತಿದರೆ ಒಳಗಿನ ಫೋಲ್ಡರುಗಳು ತೆರೆದುಕೊಳ್ಳುತ್ತವೆ. ‘ಪಿಎಸ್‌ಪಿ’ ಎಂಬ ಫೋಲ್ಡರಿನ ಒಳಗೆ ‘ಗೇಮ್’ ಮತ್ತು ‘ಸೇವ್‌ಡೇಟಾ’ ಎಂಬ ಎರಡು ಕೋಣೆ. ಕಂಪ್ಯೂಟರಿನಲ್ಲಿ ಇಳಿಸಿಕೊಂಡ ಆಟದ ಮಾದರಿಯೊಂದನ್ನು ಅವರಪ್ಪ ಎಂದೋ ಎಲ್ಲಿಗೋ ಹಾಕಿ ಬಿಟ್ಟಿದ್ದ. ಅದು ‘ಗೇಮ್’ ಕೋಣೆಯ ಒಳಗೆ ತನ್ನದೇ ಫೋಲ್ಡರಿನಲ್ಲಿ ಇದ್ದರೆ ಮಾತ್ರ ಯಂತ್ರದ ಪಟ್ಟಿಯಲ್ಲಿ ಕಾಣುತ್ತದೆ. ಕರೆಂಟ್ ಲೆಡ್ಜರಿನ ಹಾಳೆಯನ್ನು ಸೇವಿಂಗ್ಸ್ ಲೆಡ್ಜರಿನಲ್ಲಿ ಇಟ್ಟರೆ ಯಾರಿಗೆ ಸಿಗುತ್ತದೆ? ಸರಿಯಾದ ಜಾಗಕ್ಕೆ ಸರಿಸಿದೆವು, ಕಾಣಿಸಿತು.

ಆಮೇಲೆ ಹುಡುಗ ‘ಸೇವ್‌ಡೇಟಾ’ ತೆರೆದ. ಅಲ್ಲಿ ಪ್ರತಿ ಲೆಕ್ಕಕ್ಕೂ ಪುಟ್ಟ ಚಿತ್ರ, ದಿನಾಂಕ, ಗಂಟೆ. 2009ರ ಒಂದು ರಾತ್ರಿ 1 ಗಂಟೆ 40 ನಿಮಿಷ ಎಂದಿತ್ತು. “ಅಪ್ಪ, ನನಗೆ ಒಂಬತ್ತಕ್ಕೆ ಮಲಕ್ಕೋ ಅಂತೀಯಲ್ಲ!” ಎಂದು ಮಗ ಕೂಗಿದ. ಬ್ಯಾಟರಿ ಊದಿಕೊಂಡಿದ್ದರಿಂದ ಅದನ್ನು ಮೊದಲೇ ತೆಗೆಸಿ, ಚಾರ್ಜರಿನ ಮೇಲೆ ಯಂತ್ರ ನಡೆಸಿದ್ದೆವು. ಹಳೆಯ ಯಂತ್ರ ಸಿಕ್ಕವರು ಇದನ್ನು ಗಮನಿಸಿ. ಊದಿದ ಲಿಥಿಯಂ ಬ್ಯಾಟರಿಯನ್ನು ಚಾರ್ಜ್ ಮಾಡಬಾರದು, ಚುಚ್ಚಬಾರದು, ಕಸಕ್ಕೆ ಎಸೆಯಬಾರದು. ಇ-ತ್ಯಾಜ್ಯ ತೆಗೆದುಕೊಳ್ಳುವವರಿಗೆ ಕೊಡಬೇಕು. ಅಪ್ಪ ಮಾತ್ರ ಮಗನ ಮಾತಿಗೆ ಉತ್ತರ ಕೊಡದೆ ಆ ದಿನಾಂಕವನ್ನೇ ನೋಡುತ್ತಾ ಕೂತ. ಆ ವರ್ಷ ಅವನಿಗೆ ಕೆಲಸ ಸಿಕ್ಕಿರಲಿಲ್ಲ, ರಾತ್ರಿ ನಿದ್ದೆ ಬರುತ್ತಿರಲಿಲ್ಲ ಎಂಬುದು ನನಗೆ ಗೊತ್ತು. ಮಗನಿಗೆ ಗೊತ್ತಿಲ್ಲ. ಸಂಜೆ ಅಪ್ಪ ಮಗ ಇಬ್ಬರೂ ಆ ಹಳೆಯ ಕಾರ್ ರೇಸನ್ನು ನಿಲ್ಲಿಸಿದ್ದ ಜಾಗದಿಂದಲೇ ಮುಂದುವರಿಸಿದರು.

ಇನ್ನು ನಮ್ಮ ಚನ್ನಗಿರಿಯ ಮನೆಯ ವಿಷಯ. ಇದನ್ನು ಹೇಳಬೇಕೆಂದೇ ಇಷ್ಟೆಲ್ಲ ಬರೆದೆ.

ಅಳಿಯ ಎರಡು ವರ್ಷ ಅಮೆರಿಕದಲ್ಲಿದ್ದು ಬರುವಾಗ ಮಕ್ಕಳಿಗೆ ಒಂದು ಸ್ವಿಚ್ ತಂದಿದ್ದ. ಮಗಳ ಸಂಸಾರ ನಮ್ಮ ಜೊತೆಯೇ ಇದೆ. 2020ರಲ್ಲಿ ಕೊರೊನಾ ಬಂದು ಎಲ್ಲರೂ ಮನೆಯಲ್ಲಿ ಬಂದಿಯಾದಾಗ, ಅದೇ ವರ್ಷ ಜೂನ್‌ನಲ್ಲಿ ಹೊರಬಂದ ಒಂದು ಆಟವನ್ನು ಮಗಳು ಕೊಂಡು ಡೌನ್‌ಲೋಡ್ ಮಾಡಿದಳು. ಲೋಕದ ಬೇರೆ ಬೇರೆ ಕಡೆಯ 51 ಹಳೆಯ ಆಟಗಳು ಅದರಲ್ಲಿ ಒಟ್ಟಿಗೆ ಇವೆ. ಚದುರಂಗ, ಲೂಡೊ, ಕೇರಂ ಎಲ್ಲ ಇವೆ. ಮೊಮ್ಮಗಳು ಒಂದೊಂದೇ ತೆರೆದು ನೋಡುತ್ತಿದ್ದಾಗ ಸೊಪ್ಪು ಬಿಡಿಸುತ್ತಿದ್ದ ನನ್ನ ಹೆಂಡತಿ ತಲೆಯೆತ್ತಿ, “ಅಯ್ಯೋ, ಇದು ಅಳಗುಳಿ ಮಣೆ ಅಲ್ಲೇನೇ?” ಎಂದಳು.

ಅದರ ಹೆಸರು ಅಲ್ಲಿ ‘ಮಂಕಾಲ’. ಆಫ್ರಿಕ, ಏಷ್ಯಗಳಲ್ಲೆಲ್ಲ ಆಡುವ ಆಟಗಳ ಕುಟುಂಬಕ್ಕೆ ಇರುವ ಹೆಸರು. ನಮ್ಮ ಅಳಗುಳಿ ಮಣೆಯೂ ಅದೇ ಕುಟುಂಬದ್ದು. ನಮ್ಮ ಮಣೆಯಲ್ಲಿ ಎರಡು ಸಾಲು, ಸಾಲಿಗೆ ಏಳು ಗುಳಿ. ಅದರಲ್ಲಿ ಸಾಲಿಗೆ ಆರೇ ಗುಳಿ, ಕೊನೆಯಲ್ಲಿ ಗೆದ್ದದ್ದನ್ನು ಹಾಕುವ ದೊಡ್ಡ ಗುಳಿ ಬೇರೆ. “ಒಂದು ಗುಳಿ ಕದ್ದಿದ್ದಾರೆ” ಎಂದು ಹೆಂಡತಿ ಗೊಣಗಿದಳು. ಗೊಣಗುತ್ತಲೇ ಆಡಿದಳು. ಮೊಮ್ಮಗಳು ಅವಳಿಗಾಗಿ ಬೇರೆ ಯೂಸರ್ ಮಾಡಿ ಇಂಗ್ಲಿಷ್ ಅಕ್ಷರದಲ್ಲಿ ‘ಅಜ್ಜಿ’ ಎಂದು ಹೆಸರಿಟ್ಟಳು. ಕಂಪ್ಯೂಟರನ್ನು ಒಂದು ಹಂತದಲ್ಲಿ ಸೋಲಿಸಿದರೆ ಇನ್ನೂ ಕಷ್ಟದ ಹಂತ ತೆರೆದುಕೊಳ್ಳುತ್ತದೆ. ಬೆಳಿಗ್ಗೆ ಪೂಜೆ, ತಿಂಡಿ ಮುಗಿದ ಮೇಲೆ ಅರ್ಧ ಗಂಟೆ ಅಜ್ಜಿಯ ಪಾಳಿ. ಹುಣಸೆಬೀಜ ಎಣಿಸಿ ಬೆಳೆದ ಕೈ ಅದು. ಎಂದೂ ಲೆಕ್ಕ ತಪ್ಪುತ್ತಿರಲಿಲ್ಲ.

ಅವಳು ತೀರಿಕೊಂಡು ಈ ಶ್ರಾವಣಕ್ಕೆ ಎರಡು ವರ್ಷ.

ಕಳೆದ ರಜೆಯಲ್ಲಿ ಮೊಮ್ಮಗನಿಗೆ ಹುಟ್ಟುಹಬ್ಬಕ್ಕೆ ಹೊಸ ಆಟ ಬಂತು. ಡೌನ್‌ಲೋಡ್ ಮಾಡಲು ಹೋದರೆ ಜಾಗ ಇಲ್ಲ. ನಮ್ಮದು ಹಳೆಯ ಮಾದರಿ. ಒಳಗೆ 32 ಜಿಬಿ, ಅದರಲ್ಲೂ ಯಂತ್ರದ ಸ್ವಂತ ಬಳಕೆ ಹೋಗಿ ನಮಗೆ ಸಿಗುವುದು ಸುಮಾರು 26. ಜೊತೆಗೆ 64ರ ಕಾರ್ಡು, ಅದೂ ತುಂಬಿತ್ತು. ಹುಡುಗ ಅದನ್ನು ಒಂದು ಮೊಬೈಲ್ ಅಂಗಡಿಗೆ ಒಯ್ದ. ಅಲ್ಲಿದ್ದವರು, “ಪೂರ್ತಿ ರೀಸೆಟ್ ಹೊಡೆದುಬಿಡು, ಹೊಸದರ ಹಾಗೆ ಆಗ್ತದೆ” ಎಂದರಂತೆ. ಮನೆಗೆ ಬಂದು ಅಕ್ಕನಿಗೆ ಹೇಳಿದ. ಅಕ್ಕ ಯಂತ್ರ ಕಿತ್ತುಕೊಂಡು ಕೋಣೆಯ ಬಾಗಿಲು ಹಾಕಿಕೊಂಡಳು. ಹೊರಗೆ ಇವನ ಅಳು: “ಅಜ್ಜಿ ಯೂಸರ್ ತೆಗೆದ್ರೆ ಜಾಗ ಆಗ್ತೈತೆ, ಅಜ್ಜಿ ಹೆಂಗೂ ಆಡಲ್ಲ!” ಒಳಗಿನಿಂದ ಏನೂ ಸದ್ದಿಲ್ಲ.

ಹುಡುಗ ಹೇಳಿದ್ದು ಕಟುವಾಗಿ ಕೇಳಿಸಿತು. ಆದರೆ ಅವನಿಗೆ ಹತ್ತು ವರ್ಷ. ಅವನ ಮಾತಿನಲ್ಲಿ ಒಂದು ಲೆಕ್ಕ ಇತ್ತು, ಅದು ಸರಿಯೇ ಎಂದು ನೋಡೋಣ ಎಂದೆ. ಇಬ್ಬರನ್ನೂ ಊಟದ ಮೇಜಿಗೆ ಕರೆದು, ಹಾಳೆ ಪೆನ್ನು ತರಿಸಿ, ‘ಡೇಟಾ ಮ್ಯಾನೇಜ್‌ಮೆಂಟ್’ ತೆರೆಸಿದೆ. ಒಂದೊಂದು ಆಟದ ಗಾತ್ರ ಬರೆಸಿದೆ. ಕೆಲವು ಹತ್ತು ಜಿಬಿಗೂ ಮೇಲೆ. ಆಮೇಲೆ ಅಜ್ಜಿಯ ಸೇವ್‌ನ ಗಾತ್ರ ಬರೆಸಿದೆ. ಅದು ಎಂಬಿ ಲೆಕ್ಕದಲ್ಲಿತ್ತು, ಜಿಬಿಗೆ ಮುಟ್ಟುವ ಮಾತೇ ಇಲ್ಲ. ಸಾವಿರ ಎಂಬಿ ಸೇರಿದರೆ ಒಂದು ಜಿಬಿ ಎಂದು ಹುಡುಗನಿಗೆ ಗೊತ್ತಿತ್ತು. ತಾನೇ ಭಾಗಿಸಿ ನೋಡಿ ಸುಮ್ಮನಾದ. ಅಜ್ಜಿಯನ್ನು ತೆಗೆದರೆ ಅವನ ಹೊಸ ಆಟದ ಒಂದು ಮೂಲೆಯೂ ಹಿಡಿಸುತ್ತಿರಲಿಲ್ಲ. ಯೂಸರ್ ಅಳಿಸಿದರೆ ಅವರ ಸೇವ್‌ಗಳೂ ಹೋಗುತ್ತವೆ, ರೀಸೆಟ್ ಮಾಡಿದರೆ ಎಲ್ಲರದ್ದೂ ಹೋಗುತ್ತದೆ. ಇನ್ನೊಂದು ಮುಖ್ಯ ವಿಷಯ: ಸ್ವಿಚ್‌ನಲ್ಲಿ ಆಟದ ಫೈಲು ಕಾರ್ಡಿನಲ್ಲಿ ಇರಬಹುದು, ಆದರೆ ಸೇವ್ ಯಾವತ್ತೂ ಯಂತ್ರದ ಒಳಗೇ ಇರುತ್ತದೆ. ಕಾರ್ಡು ತೆಗೆದಿಟ್ಟುಕೊಂಡರೆ ಅಜ್ಜಿ ಉಳಿಯುತ್ತಾಳೆ ಎಂದು ಮೊಮ್ಮಗಳು ತಿಳಿದಿದ್ದಳು. ಹಾಗಲ್ಲ.

ದಾರಿ ಸುಲಭವಾಗಿತ್ತು. ಯಾರೂ ಆರು ತಿಂಗಳಿಂದ ಮುಟ್ಟದ ಮೂರು ದೊಡ್ಡ ಆಟಗಳನ್ನು ಆರಿಸಿ ‘ಆರ್ಕೈವ್’ ಮಾಡಿದೆವು. ಆಟದ ಫೈಲು ಹೋಗುತ್ತದೆ, ಮುಖಪುಟದಲ್ಲಿ ಅದರ ಚಿತ್ರ ಉಳಿಯುತ್ತದೆ, ಸೇವ್ ಇದ್ದಲ್ಲೇ ಇರುತ್ತದೆ. ಬೇಕೆನಿಸಿದ ದಿನ ಚಿತ್ರವನ್ನು ಒತ್ತಿದರೆ ಮತ್ತೆ ಡೌನ್‌ಲೋಡ್ ಆಗುತ್ತದೆ. ‘ಡಿಲೀಟ್ ಸಾಫ್ಟ್‌ವೇರ್’ ಒತ್ತಿದರೆ ಚಿತ್ರವೂ ಹೋಗುತ್ತದೆ, ಆದರೆ ಸೇವ್ ಆಗಲೂ ಉಳಿಯುತ್ತದೆ. ‘ಡಿಲೀಟ್ ಸೇವ್ ಡೇಟಾ’ ಎಂಬುದೇ ಬೇರೆ ಸಾಲು. ಅದನ್ನು ಒತ್ತಿದರೆ ಮಾತ್ರ ಬರೆದ ಲೆಕ್ಕ ಅಳಿಯುತ್ತದೆ. ಈ ಮೂರು ಸಾಲುಗಳ ವ್ಯತ್ಯಾಸವನ್ನು ಮಕ್ಕಳು ಹಾಳೆಯಲ್ಲಿ ಬರೆದು ಟಿವಿಯ ಪಕ್ಕ ಅಂಟಿಸಿದರು. ರಾತ್ರಿ ಯಂತ್ರವನ್ನು ಚಾರ್ಜಿಗೆ ಹಾಕಿ ಮಲಗಿದೆವು. ಬೆಳಿಗ್ಗೆ ಹೊಸ ಆಟ ಬಂದಿತ್ತು.

ಆದರೆ ನನ್ನ ಗುಮಾಸ್ತ ಮನಸ್ಸಿಗೆ ಸಮಾಧಾನ ಆಗಲಿಲ್ಲ. ಬ್ಯಾಂಕುಗಳ ಯಾಂತ್ರೀಕರಣದ ಬಗ್ಗೆ ರಂಗರಾಜನ್ ಸಮಿತಿ 1984ರಲ್ಲಿ ವರದಿ ಕೊಟ್ಟ ಮೇಲೆ ಶಾಖೆಗಳಿಗೆ ನಿಧಾನವಾಗಿ ಲೆಡ್ಜರ್ ಪೋಸ್ಟಿಂಗ್ ಯಂತ್ರಗಳು ಬಂದವು. ಅಂದಿನಿಂದ ನಮಗೆ ಒಂದು ಶಿಸ್ತು. ದಿನದ ಕೆಲಸ ಮುಗಿದ ಮೇಲೆ ಲೆಕ್ಕದ ನಕಲನ್ನು ಫ್ಲಾಪಿಗೆ ತೆಗೆಯಬೇಕು. ಒಂದು ನಕಲು ಶಾಖೆಯಲ್ಲಿ, ಇನ್ನೊಂದು ಬೇರೆ ಕಟ್ಟಡದಲ್ಲಿ. ಬೆಂಕಿ ಬಿದ್ದರೂ ಒಂದು ಉಳಿಯಬೇಕು. ಅಜ್ಜಿಯ ಲೆಕ್ಕಕ್ಕೆ ನಕಲೇ ಇರಲಿಲ್ಲ. ಯಂತ್ರ ಒಂದು ದಿನ ಕೆಟ್ಟರೆ ಅಲ್ಲಿಗೆ ಮುಗಿಯಿತು.

ಸ್ವಿಚ್‌ನ ಸೇವ್‌ಗೆ ನಕಲು ಇಡುವ ದಾರಿ ಕಂಪನಿಯ ದೂರದ ಕಂಪ್ಯೂಟರಿನಲ್ಲಿ, ಅಂದರೆ ಕ್ಲೌಡ್‌ನಲ್ಲಿ. ಅದಕ್ಕೆ ವರ್ಷಕ್ಕಿಷ್ಟು ಎಂದು ಚಂದಾ ಕಟ್ಟಬೇಕು. ಜೊತೆಗೆ ಯೂಸರ್ ಹೆಸರಿಗೆ ಒಂದು ನಿಂಟೆಂಡೊ ಖಾತೆ ಜೋಡಿಸಿರಬೇಕು. ಅಜ್ಜಿಯ ಯೂಸರ್‌ಗೆ ಖಾತೆ ಇರಲಿಲ್ಲ. “ಅಜ್ಜಿ ಹೆಸರಲ್ಲೇ ಒಂದು ಮಾಡಿಬಿಡೋಣ, ಅಜ್ಜ” ಎಂದಳು ಮೊಮ್ಮಗಳು. ತೀರಿಕೊಂಡವರ ಹೆಸರಿನಲ್ಲಿ ಹೊಸ ಖಾತೆ ತೆರೆಯಲು ನನ್ನ ಕೈ ಬರಲಿಲ್ಲ. ಬ್ಯಾಂಕಿನಲ್ಲಿ ಅದಕ್ಕೆ ನಾಮಿನಿ ಇರುತ್ತಾರೆ. ಆಗ ಮಗಳು ಅಡುಗೆಮನೆಯಿಂದ ಕೈ ಒರೆಸಿಕೊಳ್ಳುತ್ತಾ ಬಂದು, “ನಂದು ಜೋಡಿಸ್ರಪ್ಪ” ಎಂದಳು. ಅಮೆರಿಕದಲ್ಲಿದ್ದಾಗ ಮಾಡಿಸಿದ್ದ ಅವಳ ಖಾತೆ ಯಾವ ಯೂಸರ್‌ಗೂ ಸೇರದೆ ಬಿದ್ದಿತ್ತು. ಅದನ್ನು ‘ಅಜ್ಜಿ’ಗೆ ಜೋಡಿಸಿ, ಚಂದಾ ಕಟ್ಟಿ, ಸೇವ್ ಮೇಲಕ್ಕೆ ಕಳಿಸಿದೆವು. ಅಮ್ಮನ ಲೆಕ್ಕಕ್ಕೆ ಮಗಳು ನಾಮಿನಿಯಾದಳು.

ಚಂದಾ ನಿಂತರೆ ಆ ನಕಲು ಉಳಿದೇ ಉಳಿಯುತ್ತದೆ ಎಂಬ ಭರವಸೆ ಇಲ್ಲ. ಅಂಗಡಿಗಳೂ ಶಾಶ್ವತವಲ್ಲ. ನಿಂಟೆಂಡೊದ ಹಿಂದಿನ ಯಂತ್ರ 3ಡಿಎಸ್‌ನ ಆನ್‌ಲೈನ್ ಅಂಗಡಿ 2023ರ ಮಾರ್ಚ್ 27ರಂದು ಮುಚ್ಚಿತು. 2025ರ ಜೂನ್‌ನಲ್ಲಿ ಸ್ವಿಚ್ 2 ಬಂತು. ಆಟ ತುಂಬಲು ಅದಕ್ಕೆ ಬೇರೆ ಜಾತಿಯ ಕಾರ್ಡೇ ಬೇಕು, ನಮ್ಮ ಹಳೆಯದು ನಡೆಯುವುದಿಲ್ಲ. ಹಾಗಾಗಿ ಇನ್ನೊಂದು ನಕಲೂ ಮಾಡಿದೆವು. ಎಡಗೈ ಕಡೆಯ ಚೌಕದ ಗುಂಡಿ ಒತ್ತಿದರೆ ಪರದೆಯ ಫೋಟೊ ಬರುತ್ತದೆ. ಅಜ್ಜಿ ಗೆದ್ದ ಹಂತಗಳ ಪುಟವನ್ನು ಹಾಗೆ ಹಿಡಿದು, ಫೋನಿಗೆ ಕಳಿಸಿ, ಸ್ಟುಡಿಯೋದಲ್ಲಿ ಪ್ರಿಂಟ್ ಹಾಕಿಸಿದೆ. ಅದು ಸೇವ್ ಅಲ್ಲ, ಅದರಿಂದ ಆಟ ಮುಂದುವರಿಯುವುದಿಲ್ಲ. ಆದರೂ ಪಾಸ್‌ಬುಕ್ಕಿನ ಹಾಗೆ ಕೈಯಲ್ಲಿ ಹಿಡಿಯಬಹುದು.

ಮಕ್ಕಳಿಗೆ ಇನ್ನೊಂದು ಮಾತು. ಜಾತ್ರೆಗಳಲ್ಲಿ ನೂರಾರು ಆಟ ತುಂಬಿದ ಯಂತ್ರ ಅಗ್ಗಕ್ಕೆ ಸಿಗುತ್ತದೆ, ದುಡ್ಡು ಕೊಡದೆ ಆಟ ಇಳಿಸುವ ದಾರಿಯನ್ನು ಗೆಳೆಯರು ಹೇಳಿಕೊಡುತ್ತಾರೆ. ಹಾಗೆ ಬಂದ ಫೈಲಿನ ಜೊತೆ ವೈರಸ್ಸೂ ಬರಬಹುದು. ಬರದಿದ್ದರೂ ಅದು ಮಾಡಿದವರ ದುಡಿಮೆಯನ್ನು ಕೇಳದೆ ತೆಗೆದುಕೊಂಡ ಹಾಗೆ. ದುಡ್ಡಿಲ್ಲದಿದ್ದರೆ ಕಂಪನಿಗಳೇ ಉಚಿತವಾಗಿ ಕೊಡುವ ಮಾದರಿ ಆಟಗಳಿವೆ. ಇಲ್ಲವೇ ಅಳಗುಳಿ ಮಣೆ ಇದೆ. ಅದಕ್ಕೆ ಚಾರ್ಜರೂ ಬೇಡ.

ಉಳಿತಾಯ ಖಾತೆಯಲ್ಲಿ ಎರಡು ವರ್ಷ ಗಿರಾಕಿಯ ಕಡೆಯಿಂದ ಯಾವ ವಹಿವಾಟೂ ನಡೆಯದಿದ್ದರೆ ಅದು ನಿಷ್ಕ್ರಿಯ ಖಾತೆ. ಹತ್ತು ವರ್ಷ ಕಳೆದರೆ ಹಣ ರಿಸರ್ವ್ ಬ್ಯಾಂಕಿನ ಠೇವಣಿದಾರರ ನಿಧಿಗೆ ಹೋಗುತ್ತದೆ. 2014ರಿಂದ ಈ ಪದ್ಧತಿ ಇದೆ. ಆಗಲೂ ವಾರಸುದಾರರು ದಾಖಲೆ ತಂದರೆ ಹಣ ಅವರದೇ. ಎಷ್ಟು ಹಳೆಯದಾದರೂ ಬರೆದ ಲೆಕ್ಕವನ್ನು ಯಾರೂ ಹರಿದು ಎಸೆಯುವಂತಿಲ್ಲ. ಈ ನಿಯಮವನ್ನು ನಮ್ಮ ಮನೆಯ ಯಂತ್ರಕ್ಕೂ ಹಾಕಿದ್ದೇವೆ.

ಮೊಮ್ಮಗನಿಗೆ ಮೊನ್ನೆ ಒಂದು ಆಸೆ ಬಂತು. ಅಜ್ಜಿ ನಿಲ್ಲಿಸಿದ ಹಂತದ ಮುಂದಿನದನ್ನು ತಾನು ಗೆಲ್ಲಬೇಕಂತೆ. ಅಜ್ಜಿಯ ಹೆಸರಿನಲ್ಲಿ ಆಡಬಹುದೇ ಎಂದು ಅಕ್ಕನನ್ನು ಕೇಳಿದ. ಅವಳು ಸ್ವಲ್ಪ ಹೊತ್ತು ಯೋಚಿಸಿ, “ಬೇಡ, ಅದು ಅಜ್ಜಿ ಲೆಕ್ಕ. ನೀನು ನಿನ್ನ ಹೆಸರಲ್ಲಿ ಮೊದಲಿಂದ ಬಾ” ಎಂದಳು. ಮೊದಲಿನಿಂದ ಆಡುತ್ತಿದ್ದಾನೆ. ಇನ್ನೂ ಎರಡು ಹಂತ ಹಿಂದಿದ್ದಾನೆ.